ದೊರೆಯಿಲ್ಲದ ಊರಿನ ವಾದ್ಯವೃಂದ

ಯುರೋಪಿನ ಶಾಸ್ತ್ರೀಯ ಸಂಗೀತ ಅರಮನೆಗಳ ನೆರಳಿನಲ್ಲಿ ಬೆಳೆದದ್ದು ಎಂಬ ಮಾತು ಬಹುಮಟ್ಟಿಗೆ ನಿಜ. ಜರ್ಮನಿಯ ಸ್ಯಾಕ್ಸನಿಯಲ್ಲಿ ದೊರೆಯ ಬೀಡಾಗಿದ್ದ ಡ್ರೆಸ್ಡೆನ್‌ನಲ್ಲಿ 1548ರಲ್ಲಿ ಹುಟ್ಟಿದ ಆಸ್ಥಾನದ ವಾದ್ಯವೃಂದ ಇಂದಿಗೂ ನುಡಿಸುತ್ತಿದೆ. ಅದೇ ಸ್ಯಾಕ್ಸನಿಯ ಲೈಪ್‌ಜಿಗ್‌ಗೆ ಅರಮನೆಯ ಭಾಗ್ಯವಿರಲಿಲ್ಲ. ವ್ಯಾಪಾರದ ಸಂತೆ, ಪುಸ್ತಕ ಪ್ರಕಾಶನ, ವಿಶ್ವವಿದ್ಯಾಲಯ ಇವೇ ಅದರ ಬಂಡವಾಳ. 1743ರಲ್ಲಿ ಅಲ್ಲಿನ 16 ಮಂದಿ ಅನುಕೂಲಸ್ಥರು ಹಣ ಕೂಡಿಸಿ 16 ವಾದಕರ ಕಚೇರಿ ಸಂಘವನ್ನು ಕಟ್ಟಿದರು. ಮೊದಲು ಮನೆಗಳಲ್ಲಿ, ಬಳಿಕ 'ಮೂರು ಹಂಸಗಳು' ಎಂಬ ಛತ್ರದಲ್ಲಿ, 1781ರಿಂದ ಜವಳಿ ವರ್ತಕರ ಕಟ್ಟಡದ ಸಭಾಂಗಣದಲ್ಲಿ ಕಚೇರಿಗಳು ನಡೆದವು. ಆ ಕಟ್ಟಡದ ಹೆಸರೇ ವೃಂದಕ್ಕೂ ನಿಂತಿತು: ಗೆವಾಂಡ್‌ಹೌಸ್ ಆರ್ಕೆಸ್ಟ್ರಾ. ಅರಸೊತ್ತಿಗೆ, ಗಣರಾಜ್ಯ, ನಾಜಿ ಆಳ್ವಿಕೆ, ಕಮ್ಯುನಿಸ್ಟ್ ಆಡಳಿತ ಎಲ್ಲವನ್ನೂ ದಾಟಿ ಅದು ಉಳಿದುಬಂದಿದೆ. ಇದಕ್ಕೆ ಅದರ ಪ್ರತಿಭೆಯಷ್ಟೇ ಕಾರಣವಲ್ಲ, ಊರಿನ ನಿತ್ಯದ ಬದುಕಿನಲ್ಲಿ ಅದು ಹೂಡಿಕೊಂಡ ಬೇರುಗಳೂ ಕಾರಣ.

ಆ ಬೇರುಗಳು ಅದರ ದುಡಿಮೆಯಲ್ಲೇ ಕಾಣುತ್ತವೆ. ಸಾಮಾನ್ಯವಾಗಿ ಸಿಂಫನಿ ಆರ್ಕೆಸ್ಟ್ರಾದ ಕೆಲಸವೆಂದರೆ ಕಚೇರಿ ಮತ್ತು ಪ್ರವಾಸ. ಲೈಪ್‌ಜಿಗ್‌ನ ವೃಂದಕ್ಕೆ ಮೂರು ಕಡೆ ದುಡಿಮೆ: ಸ್ವಂತ ಸಭಾಂಗಣದಲ್ಲಿ ಸಿಂಫನಿ, ನಗರದ ಒಪೆರಾದಲ್ಲಿ ಗಾಯಕರ ಜೊತೆಗಿನ ನುಡಿಸಾಣಿಕೆ, ಒಮ್ಮೆ ಬಾಖ್ ಸಂಗೀತ ಗುರುವಾಗಿದ್ದ ಸಂತ ಥಾಮಸ್ ಚರ್ಚಿನಲ್ಲಿ ಬಾಲಕರ ಮೇಳದೊಡನೆ ಬಾಖ್‌ನ ಕ್ಯಾಂಟಾಟಾಗಳು. ಇದಕ್ಕಾಗಿಯೇ ಅಲ್ಲಿ ಸುಮಾರು 185 ವಾದಕರಿದ್ದಾರೆ. ಒಂದು ತಂಡ ಒಪೆರಾದಲ್ಲಿದ್ದರೆ ಇನ್ನೊಂದು ಕಚೇರಿಗೆ ತಾಲೀಮು ಮಾಡುತ್ತಿರಬಹುದು. ಹೀಗಾಗಿ ಈ ವೃಂದವನ್ನು ಕಳೆದುಕೊಂಡರೆ ಊರಿನ ರಂಗಭೂಮಿಗೂ ಆರಾಧನೆಗೂ ಪೆಟ್ಟು. ಅಂಥದ್ದನ್ನು ಯಾವ ಆಡಳಿತವೂ ಸುಲಭವಾಗಿ ಕೈಬಿಡಲಾರದು.

ವೃಂದವನ್ನು ಬೆಳೆಸಿದ್ದು ಊರಲ್ಲ, ಮಹಾನ್ ನಿರ್ದೇಶಕರು ಎನ್ನುವವರು ಮೊದಲು ಎತ್ತುವ ಹೆಸರು ಫೆಲಿಕ್ಸ್ ಮೆಂಡೆಲ್‌ಸನ್‌ನದು. 1835ರಲ್ಲಿ ಚುಕ್ಕಾಣಿ ಹಿಡಿದ ಆತ, ಶುಬರ್ಟ್ ಸತ್ತು ಹತ್ತು ವರ್ಷ ಕಳೆದರೂ ಯಾರೂ ಕೇಳದೆ ಉಳಿದಿದ್ದ ದೊಡ್ಡ ಸಿ ಮೇಜರ್ ಸಿಂಫನಿಯನ್ನು 1839ರಲ್ಲಿ ನುಡಿಸಿದ. ಹಿಂದಿನ ಕಾಲದ ಸಂಗೀತಕ್ಕೆಂದೇ ಕಚೇರಿಗಳ ಸರಣಿ ನಡೆಸಿದ. ಆದರೆ ಇಷ್ಟರಿಂದಲೇ ಆತ ದೊಡ್ಡವನಾಗಲಿಲ್ಲ. ವಾದಕರ ಸಂಬಳ ಹೆಚ್ಚಿಸಲು ಹೆಣಗಿದ. 1843ರಲ್ಲಿ ಸಂಗೀತ ವಿದ್ಯಾಲಯ ತೆರೆದ. ಆತನ ಪಿಟೀಲು ಕಾನ್ಸರ್ಟೊವನ್ನು 1845ರಲ್ಲಿ ಮೊದಲು ನುಡಿಸಿದ, ವೃಂದದ ಮುಂದಾಳು ಫರ್ಡಿನಾಂಡ್ ಡೇವಿಡ್ ಆ ವಿದ್ಯಾಲಯದಲ್ಲಿ ಗುರುವೂ ಆಗಿದ್ದ. ತನ್ನ ಬಳಿಕವೂ ನಡೆಯುವಂಥ ವ್ಯವಸ್ಥೆಯನ್ನು ಬಿಟ್ಟುಹೋದದ್ದೇ ಮೆಂಡೆಲ್‌ಸನ್‌ನ ಹೆಚ್ಚುಗಾರಿಕೆ. ಅದಕ್ಕೆ ನೆಲ ಕೊಟ್ಟದ್ದು ಊರು.

'ಊರು' ಎಂದರೆ ಇಲ್ಲಿ ಹಣವಂತರು ತಾನೇ ಎಂಬ ಆಕ್ಷೇಪಕ್ಕೆ ಹೆಚ್ಚು ಬಲವಿದೆ. ಜವಳಿ ಕಟ್ಟಡದ ಸುಮಾರು 500 ಆಸನಗಳು ಚಂದಾದಾರರ ಪಾಲಾಗಿದ್ದವು. ಅವರ ಅಭಿರುಚಿಯೂ ಸದಾ ಉದಾರವಾಗಿರಲಿಲ್ಲ: 1859ರಲ್ಲಿ ಸಂಗೀತ ರಚನಕಾರ ಬ್ರಾಹ್ಮ್ಸ್ ತನ್ನ ಮೊದಲ ಪಿಯಾನೊ ಕಾನ್ಸರ್ಟೊ ನುಡಿಸಿದಾಗ ಶ್ರೋತೃಗಳು ಹೀಯಾಳಿಸಿದರು. ಆದರೆ ನಾಗರಿಕರ ಸಂಸ್ಥೆಯ ಬಾಗಿಲನ್ನು ಅಗಲಿಸಬಹುದು. 1918ರ ಕೊನೆಯ ರಾತ್ರಿ, ಯುದ್ಧ ಮುಗಿದ ಬೆನ್ನಲ್ಲೇ, ವೃಂದದ ನಿರ್ದೇಶಕ ಆರ್ಟರ್ ನಿಕಿಶ್ ಕಾರ್ಮಿಕ ಶಿಕ್ಷಣ ಸಂಸ್ಥೆಯ ಆಶ್ರಯದಲ್ಲಿ ಕಾರ್ಮಿಕರಿಗಾಗಿ ಬೀತೊವನ್‌ನ ಒಂಬತ್ತನೆಯ ಸಿಂಫನಿ ನಡೆಸಿದ. ಬ್ರಾಹ್ಮ್ಸ್ ಕೂಡ 1879ರಲ್ಲಿ ತನ್ನ ಪಿಟೀಲು ಕಾನ್ಸರ್ಟೊವನ್ನು ಮೊದಲು ಕೇಳಿಸಲು ಇದೇ ಊರಿಗೆ ಬಂದಿದ್ದ.

1933ರ ಪ್ರಶ್ನೆ ಇದಕ್ಕಿಂತ ಕಠಿಣ. ಯೆಹೂದಿಯೆಂಬ ಕಾರಣಕ್ಕೆ ನಿರ್ದೇಶಕ ಬ್ರೂನೊ ವಾಲ್ಟರ್‌ನನ್ನು ನಾಜಿಗಳು ಹೊರಗಟ್ಟಿದರು. ಅದೇ ಕಾರಣಕ್ಕೆ 1936ರಲ್ಲಿ ಸಭಾಂಗಣದ ಮುಂದಿದ್ದ ಮೆಂಡೆಲ್‌ಸನ್ ಪ್ರತಿಮೆಯೂ ಮಾಯವಾಯಿತು. ಅದನ್ನು ವಿರೋಧಿಸಿ ಮೇಯರ್ ಕಾರ್ಲ್ ಗೋರ್ಡೆಲರ್ ಹುದ್ದೆ ತೊರೆದರೂ ವೃಂದ ನುಡಿಸುತ್ತಲೇ ಹೋಯಿತು. ಊರಿನೊಡನೆ ಬೆಸೆದುಕೊಂಡ ಸಂಸ್ಥೆ ಊರು ಕೆಟ್ಟಾಗ ತಾನೂ ಕೆಡುತ್ತದೆ, ಇದನ್ನು ಅಲ್ಲಗಳೆಯಲಾಗದು. ಆದರೆ ಅದೇ ನಂಟು ಊರು ಎಚ್ಚೆತ್ತಾಗ ಸಂಸ್ಥೆಗೂ ಮಾತು ಕೊಡುತ್ತದೆ. 1989ರ ಅಕ್ಟೋಬರ್ 9ರಂದು ಸುಮಾರು 70,000 ಮಂದಿ ಕಮ್ಯುನಿಸ್ಟ್ ಆಡಳಿತದ ವಿರುದ್ಧ ಬೀದಿಗಿಳಿದರು. ಗುಂಡು ಹಾರೀತೆಂಬ ಭಯವಿತ್ತು. ಪಕ್ಷದ ಮೂವರು ಕಾರ್ಯದರ್ಶಿಗಳೂ ಸೇರಿ ಆರು ಮಂದಿ ಒಪ್ಪಿದ ಶಾಂತಿಯ ಮನವಿಯನ್ನು ನಿರ್ದೇಶಕ ಕುರ್ಟ್ ಮಸೂರ್ ಓದಿದರು. ಅದು ನಗರದ ಧ್ವನಿವರ್ಧಕಗಳಲ್ಲಿ ಕೇಳಿಸಿತು. ಗುಂಡು ಹಾರಲಿಲ್ಲ. ಅದಕ್ಕೆ ಆ ಮನವಿಯೊಂದೇ ಕಾರಣವೆನ್ನುವುದು ಅತಿಶಯೋಕ್ತಿ. ಆದರೆ ಆಳುವವರೂ ಜನರೂ ಇಬ್ಬರೂ ಕಿವಿಗೊಡಬಹುದಾದ ದನಿಗಾಗಿ ಊರು ಹುಡುಕಿದಾಗ ಸಿಕ್ಕಿದ್ದು ವಾದ್ಯವೃಂದದ ಮುಖ್ಯಸ್ಥ.

ವಾದ್ಯವೃಂದಕ್ಕೆ ಜನರ ತೆರಿಗೆ ಹಣ ಏಕೆ ಎಂಬ ಪ್ರಶ್ನೆಗೆ ಸಂಗೀತ ಶ್ರೇಷ್ಠವಾದದ್ದು ಎಂಬ ಉತ್ತರ ಸಾಲದು. ಶ್ರೇಷ್ಠ ಸಂಗೀತ ಧ್ವನಿಮುದ್ರಿಕೆಯಲ್ಲೂ ಸಿಗುತ್ತದೆ. ಆದರೆ ಖರ್ಚು ಹೊತ್ತ ಊರಿಗೆ, ವೃಂದ ಎಲ್ಲಿ, ಯಾರಿಗಾಗಿ ನುಡಿಸಬೇಕೆಂದು ಕೇಳುವ ಹಕ್ಕು ಇರುತ್ತದೆ, ತಪ್ಪಿದಾಗ ತಿದ್ದುವ ಹೊಣೆಯೂ ಇರುತ್ತದೆ. 2008ರಲ್ಲಿ ಮೆಂಡೆಲ್‌ಸನ್ ಪ್ರತಿಮೆಯನ್ನು ಲೈಪ್‌ಜಿಗ್ ಮತ್ತೆ ನಿಲ್ಲಿಸಿದ್ದು ಆ ಹೊಣೆಯನ್ನು ತಡವಾಗಿಯಾದರೂ ಒಪ್ಪಿಕೊಂಡಂತೆ.