ರಾಮ್ಲೀಯನ್ನು ಸೋಲಿಸಿದ್ದು ಯಾರು?

ಕೌಲಾಲಂಪುರದ ನಡುಮಧ್ಯೆ ಒಂದು ರಸ್ತೆ ಇದೆ, ಹೆಸರು ಪಿ. ರಾಮ್ಲೀ ರಸ್ತೆ. ನಟ, ಗಾಯಕ, ನಿರ್ದೇಶಕ, ಸಂಗೀತ ನಿರ್ದೇಶಕ, ಎಲ್ಲವೂ ಒಬ್ಬರೇ. ಮಲಯ ಭಾಷೆಯ ಸಿನಿಮಾ ಅಂದ್ರೆ ಇವತ್ತಿಗೂ ಮೊದಲು ನೆನಪಾಗೋ ಹೆಸರು ಅದೇ. ಆದರೆ 1973ರ ಮೇ 29ರಂದು ಹೃದಯಾಘಾತದಿಂದ ತೀರಿಕೊಂಡಾಗ ವಯಸ್ಸು ಬರೀ 44. ಅಷ್ಟು ಹೊತ್ತಿಗೆ ಅವರ ಚಿತ್ರಗಳು ಓಡೋದು ನಿಂತೇಹೋಗಿತ್ತು. ಪ್ರತಿಭೆ ಬತ್ತಿಹೋಯ್ತಾ? ಅಲ್ಲ. ಉತ್ತರ ಬೇರೆ ಇದೆ.

ಆ ಕಾಲದ ಮಲಯ ಸಿನಿಮಾದಲ್ಲಿ ದುಡ್ಡು ಚೀನೀಯರದ್ದು, ನಿರ್ದೇಶಕರು ಹೆಚ್ಚಾಗಿ ಭಾರತದವರು, ನಟರು ಮಲಯರು. 1933ರಲ್ಲಿ ಮೊದಲ ಮಲಯ ಚಿತ್ರ 'ಲೈಲಾ ಮಜ್ನು' ತೆಗೆದದ್ದೇ ನಮ್ಮವರಾದ ಬಿ.ಎಸ್. ರಾಜಹಂಸ. ಪೆನಾಂಗ್‌ನ ಹುಡುಗ ರಾಮ್ಲೀಯ ಹಾಡು ಕೇಳಿ ಸಿಂಗಾಪುರಕ್ಕೆ ಕರೆಸಿಕೊಂಡವರೂ ಅವರೇ. 1948ರ 'ಚಿಂತಾ'ದಲ್ಲಿ ರಾಮ್ಲೀಗೆ ಸಿಕ್ಕಿದ್ದು ವಿಲನ್ ಪಾತ್ರ, ಜೊತೆಗೆ ಹೀರೋಗೆ ಹಿನ್ನೆಲೆ ಗಾಯನ! 1950ರ 'ಬಕ್ತಿ'ಯಲ್ಲಿ ಹೀರೋ ಆದ್ರು. ಅದರ ನಿರ್ದೇಶಕ ಎಲ್. ಕೃಷ್ಣನ್ ಕೂಡ ಭಾರತೀಯ ಮೂಲದವರೇ.

ಸಿಂಗಾಪುರದ ಜಲಾನ್ ಅಂಪಾಸ್‌ನಲ್ಲಿದ್ದ ಶಾ ಸಹೋದರರ ಸ್ಟುಡಿಯೋ ಅಂದ್ರೆ ಒಂದು ಕಾರ್ಖಾನೆ. ನಟರಿಗೂ ತಂತ್ರಜ್ಞರಿಗೂ ತಿಂಗಳ ಸಂಬಳ. ವರ್ಷಗಟ್ಟಲೆ ಒಟ್ಟಿಗೆ ದುಡಿದ ತಂಡ. ಚಿತ್ರ ತಯಾರಾದ್ರೆ ತೋರಿಸೋಕೆ ಮಾಲೀಕರದ್ದೇ ಥಿಯೇಟರ್‌ಗಳು. 1955ರಲ್ಲಿ 'ಪೆನಾರಿಕ್ ಬೆಚಾ' ಮೂಲಕ ರಾಮ್ಲೀ ನಿರ್ದೇಶಕರೂ ಆದ್ರು. 'ಅನಕ್ಕು ಸಜಾಲಿ'ಯಲ್ಲಿ ಅಪ್ಪ, ಮಗ ಎರಡೂ ಪಾತ್ರ ಅವರದ್ದೇ. 1957ರಲ್ಲಿ ಟೋಕಿಯೋದ ಏಷ್ಯನ್ ಚಿತ್ರೋತ್ಸವದಲ್ಲಿ ಆ ಚಿತ್ರಕ್ಕೆ ಶ್ರೇಷ್ಠ ನಟ ಪ್ರಶಸ್ತಿ ಬಂತು.

ಆಮೇಲೆ ಒಂದರ ಹಿಂದೆ ಒಂದು ಪೆಟ್ಟು ನೋಡಿ. 1963ರಲ್ಲಿ ಟಿವಿ ಬಂತು. ಅದೇ ಹೊತ್ತಿಗೆ ಇಂಡೋನೇಷ್ಯಾ ಜೊತೆ ಸಂಘರ್ಷ ಶುರುವಾಗಿ ಅಲ್ಲಿನ ದೊಡ್ಡ ಮಾರುಕಟ್ಟೆ ಕೈತಪ್ಪಿತು. 1964ರಲ್ಲಿ ರಾಮ್ಲೀ ಕೌಲಾಲಂಪುರದ ಮೆರ್ಡೆಕಾ ಸ್ಟುಡಿಯೋಗೆ ಹೋದ್ರು. ಮರುವರ್ಷ ಸಿಂಗಾಪುರ ಬೇರೆ ದೇಶವೇ ಆಯ್ತು. 1967ರಲ್ಲಿ ಜಲಾನ್ ಅಂಪಾಸ್‌ಗೆ ಬೀಗ ಬಿತ್ತು. ಹಾಂಗ್‌ಕಾಂಗ್, ಬಾಂಬೆಯಿಂದ ಬಣ್ಣದ ಚಿತ್ರಗಳು ಬರ್ತಿದ್ದಾಗ ರಾಮ್ಲೀ ಇನ್ನೂ ಕಪ್ಪು-ಬಿಳುಪಿನಲ್ಲೇ ತೆಗೀತಿದ್ರು. 1972ರ ಕೊನೆಯ ಚಿತ್ರ 'ಲಕ್ಸಮಾನ ದೊ ರೆ ಮಿ' ಕೂಡ ಕಪ್ಪು-ಬಿಳುಪೇ.

ಅಂದ್ರೆ ಕುಸಿದದ್ದು ಅವರ ಕಾಲ ಕೆಳಗಿನ ನೆಲ. ಜನ ಮಾತ್ರ ಅದನ್ನು ಕಲಾವಿದನ ಸೋಲು ಅಂತ ಓದಿಕೊಂಡ್ರು. ಒಬ್ಬ ಸ್ಟಾರ್ ಮಿಂಚೋಕೆ ಅವನ ಹಿಂದೆ ಒಂದು ತಂಡ, ಒಂದು ಮಾರುಕಟ್ಟೆ, ಸಮಯಕ್ಕೆ ಸರಿಯಾಗಿ ದುಡ್ಡು ಹಾಕೋರು, ಎಲ್ಲಾ ಬೇಕು. ಗೆದ್ದಾಗ ಇವು ನಮ್ಮ ಕಣ್ಣಿಗೆ ಬೀಳಲ್ಲ. ಸೋತಾಗ ಹೊಣೆ ಹೊರೋನು ಮಾತ್ರ ಒಬ್ಬನೇ.

1990ರಲ್ಲಿ, ಸತ್ತು 17 ವರ್ಷಗಳ ನಂತರ, ಮಲೇಷ್ಯಾ ಅವರಿಗೆ 'ತಾನ್ ಶ್ರೀ' ಬಿರುದು ಕೊಟ್ಟಿತು. ಹೊಸ ಪೀಳಿಗೆಗೆ ರಾಮ್ಲೀ ಪರಿಚಯವಾಗಿದ್ದು ಹೇಗೆ ಗೊತ್ತಾ? ಹಳೇ ಚಿತ್ರಗಳನ್ನ ಮತ್ತೆ ಮತ್ತೆ ತೋರಿಸಿದ ಟಿವಿಯಿಂದ. ಅವರ ಪ್ರೇಕ್ಷಕರನ್ನ ಥಿಯೇಟರ್‌ನಿಂದ ಮನೆಗೆ ಎಳಕೊಂಡು ಹೋಗಿದ್ದೂ ಅದೇ ಟಿವಿ. ಅದೇ ಪೆಟ್ಟಿಗೆಯೊಳಗೆ ಕೂತು ಮಾತಾಡೋ ನಾನು ಈ ಎರಡನ್ನೂ ಒಟ್ಟಿಗೇ ಹೇಳಬೇಕು.