ಕ್ಯೂಬಾದ ಹುಳಿ, ಜೋಳದ ರೊಟ್ಟಿ

ಕರ್ನಾಟಕದಲ್ಲಿ ಹಂದಿ ಮಾಂಸವೆಂದರೆ ಮೊದಲು ಕೊಡಗಿನ ಪಂದಿ ಕರಿ. ಅದರ ಜೀವ ಕಾಚಂಪುಳಿ: ಶಿರಸಿ ಕಡೆ ಉಪ್ಪಾಗೆ ಎನ್ನುವ ಹಣ್ಣಿನ ರಸವನ್ನು ಕಪ್ಪಗೆ, ಗಟ್ಟಿಯಾಗುವವರೆಗೆ ಕುದಿಸಿದ ಹುಳಿ. ಕ್ಯೂಬಾದವರು ಅದೇ ಕೆಲಸಕ್ಕೆ ಹುಳಿ ಕಿತ್ತಳೆ ಹಿಂಡುತ್ತಾರೆ. ಜತೆಗೆ ಬೆಳ್ಳುಳ್ಳಿ, ಜೀರಿಗೆ, ಓರೆಗಾನೊ. ಎರಡೂ ಕಡೆ ಜಿಡ್ಡಿಗೆ ಹುಳಿಯೇ ಮದ್ದು.

ಸ್ಲೋ ಕುಕ್ಕರ್‌ನಲ್ಲಿ ಬೇಯುವ ಕ್ಯೂಬಾದ ಹಂದಿ ಮಾಂಸದ ಸ್ಟ್ಯೂ ಹುಬ್ಬಳ್ಳಿ-ಧಾರವಾಡದ ಅಡುಗೆಮನೆಗೂ ಸಲೀಸಾಗಿ ಒಗ್ಗುತ್ತದೆ. ಅರ್ಧ ಕಿಲೋ ಭುಜದ ಮಾಂಸ ಸಾಕು. ಮೇಲಿನ ಕೊಬ್ಬು ತೆಗೆದು, ದೊಡ್ಡ ತುಂಡು ಮಾಡಿ, ಬಾಣಲೆಯಲ್ಲಿ ಕೆಂಪಗೆ ಹುರಿಯಬೇಕು. ಇದನ್ನು ಬಿಟ್ಟರೆ ರುಚಿ ಸಪ್ಪೆ, ಏಕೆಂದರೆ ಸ್ಲೋ ಕುಕ್ಕರ್‌ನಲ್ಲಿ ಮಾಂಸ ಕೆಂಪಾಗುವುದಿಲ್ಲ. ಬಳಿಕ ಮಾಂಸದ ಜತೆ ಕುಕ್ಕರ್‌ಗೆ ಉಳ್ಳಾಗಡ್ಡಿ, ಡೊಣ್ಣಮೆಣಸಿನಕಾಯಿ, ಟೊಮೆಟೊ, ಜಜ್ಜಿದ ಬೆಳ್ಳುಳ್ಳಿ, ಜೀರಿಗೆ, ಉಪ್ಪು. ಹುಳಿ ಕಿತ್ತಳೆ ಸಿಗದಿದ್ದರೆ ಒಂದು ಕಿತ್ತಳೆ, ಒಂದು ನಿಂಬೆ ಹಿಂಡಿದರಾಯಿತು. ನೀರು ಅರ್ಧ ಲೋಟ ಮಾತ್ರ. ಮುಚ್ಚಿದ ಪಾತ್ರೆಯಿಂದ ಆವಿ ಹೋಗುವುದೇ ಕಡಿಮೆ.

ಇನ್ನು ಕುಕ್ಕರ್‌ನ 'ಲೋ' ಸೆಟ್ಟಿಂಗ್‌ನಲ್ಲಿ 7-8 ಗಂಟೆ. ಆ ಸಣ್ಣ ಬಿಸಿಗೆ ಮಾಂಸದ ಗಟ್ಟಿ ಕೊಲಾಜನ್ ಕರಗಿ ಜಿಲಾಟಿನ್ ಆಗುತ್ತದೆ. ಚಮಚದಿಂದ ಒತ್ತಿದರೆ ತುಂಡು ಎಳೆ ಎಳೆಯಾಗಿ ಬಿಡಿಸಿಕೊಳ್ಳುತ್ತದೆ, ರಸ ತುಟಿಗೆ ಅಂಟುವಷ್ಟು ದಪ್ಪವಾಗಿರುತ್ತದೆ.

ಕ್ಯೂಬಾದ ಊಟದಲ್ಲಿ ಸಾಮಾನ್ಯವಾಗಿ ಕಪ್ಪು ಬೀನ್ಸ್ ಇರುತ್ತದೆ. ಅದರ ಬದಲು ರಾಜ್ಮಾ ಹಾಕುವವರು ಎಚ್ಚರ ವಹಿಸಲೇಬೇಕು: ರಾತ್ರಿಯಿಡೀ ನೆನೆಸಿ, ನೀರು ಚೆಲ್ಲಿ, ಹೊಸ ನೀರಿನಲ್ಲಿ ಕನಿಷ್ಠ 10 ನಿಮಿಷ ಜೋರಾಗಿ ಕುದಿಸಿಯೇ ಸ್ಲೋ ಕುಕ್ಕರ್‌ಗೆ ಹಾಕಬೇಕು. ಹಸಿ ರಾಜ್ಮಾದಲ್ಲಿರುವ ಲೆಕ್ಟಿನ್ ವಿಷಕಾರಿ. ಸಣ್ಣ ಬಿಸಿಗೆ ಅದು ಪೂರ್ತಿ ನಾಶವಾಗುವುದಿಲ್ಲ.

ಸ್ಟ್ಯೂ ಹಗುರವಾಗಬೇಕೆ? ಫ್ರಿಜ್‌ನಲ್ಲಿಟ್ಟು, ಮೇಲೆ ಹೆಪ್ಪುಗಟ್ಟಿದ ಕೊಬ್ಬನ್ನು ಚಮಚದಿಂದ ಎತ್ತಿ ತೆಗೆಯಿರಿ. ಮತ್ತೆ ಕುದಿ ಬರುವವರೆಗೆ ಕಾಯಿಸಿ, ಕೊತ್ತಂಬರಿ ಸೊಪ್ಪು ಉದುರಿಸಿ. ಕ್ಯೂಬಾದಲ್ಲಿ ಇದಕ್ಕೆ ಅನ್ನ ಜೋಡಿ. ಧಾರವಾಡದಲ್ಲಿ ಬಿಸಿ ಜೋಳದ ರೊಟ್ಟಿ.