ನಿರೀಕ್ಷಣಾ ಜಾಮೀನು ರದ್ದಾಗುವುದು ಯಾವಾಗ?

ಬಂಧನದ ಭೀತಿಯಲ್ಲಿರುವ ವ್ಯಕ್ತಿಯನ್ನು ಪೊಲೀಸರು ಬಂಧಿಸಿದರೆ ಜಾಮೀನಿನ ಮೇಲೆ ಬಿಡಬೇಕೆಂದು ಸೆಷನ್ಸ್ ನ್ಯಾಯಾಲಯ ಅಥವಾ ಹೈಕೋರ್ಟ್ ಮುಂಚಿತವಾಗಿ ನೀಡುವ ಆದೇಶವೇ ನಿರೀಕ್ಷಣಾ ಜಾಮೀನು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 482ನೇ ಕಲಂ ಇದಕ್ಕೆ ಆಧಾರವಾದರೆ, ಜಾಮೀನು ಪಡೆದವರನ್ನು ಮತ್ತೆ ಬಂಧಿಸುವಂತೆ ಆದೇಶಿಸುವ ಅಧಿಕಾರ 483(3)ರಲ್ಲಿದೆ.

ರದ್ದತಿಯ ಅರ್ಜಿಗಳಲ್ಲಿ ಎರಡು ಬಗೆಯುಂಟು. ಆದೇಶವೇ ಕಾನೂನಿಗೆ ವಿರುದ್ಧವಾಗಿದ್ದರೆ ಮೇಲಿನ ನ್ಯಾಯಾಲಯ ಅದನ್ನು ತಳ್ಳಿಹಾಕಬಹುದು. ಆದೇಶ ಸರಿಯಾಗಿದ್ದರೆ, ಜಾಮೀನು ಸಿಕ್ಕ ನಂತರ ಆರೋಪಿ ಸಾಕ್ಷಿಗಳನ್ನು ಬೆದರಿಸಿದ, ತನಿಖೆಗೆ ಹಾಜರಾಗದೆ ತಪ್ಪಿಸಿಕೊಂಡ ಅಥವಾ ಷರತ್ತು ಮುರಿದ ಎಂಬುದಕ್ಕೆ ಬಲವಾದ ಆಧಾರ ಬೇಕೆಂದು ಸುಪ್ರೀಂ ಕೋರ್ಟ್ 1994ರ ದೌಲತ್ ರಾಮ್ ಪ್ರಕರಣದಲ್ಲಿ ಹೇಳಿದೆ. ಆರೋಪ ಘೋರವಾದದ್ದು ಎಂದು ಮತ್ತೆ ವಾದಿಸುವುದು ಎರಡನೆಯ ಬಗೆಯ ಅರ್ಜಿಗೆ ಸಾಲದು.

ಮೈಸೂರು ಜಿಲ್ಲೆಯ ಕೆ.ಆರ್. ನಗರ ಠಾಣೆಯಲ್ಲಿ 2024ರಲ್ಲಿ ದಾಖಲಾದ ಮಹಿಳೆಯ ಅಪಹರಣ ಪ್ರಕರಣ ಆದೇಶವನ್ನೇ ಪ್ರಶ್ನಿಸುವ ಮೊದಲ ಬಗೆಗೆ ನಿದರ್ಶನ. ಅದರಲ್ಲಿ ಆರೋಪಿಯಾದ ಭವಾನಿ ರೇವಣ್ಣ ಅವರು ತನಿಖೆಗೆ ಸಹಕರಿಸುತ್ತಿಲ್ಲವೆಂದು ವಿಶೇಷ ತನಿಖಾ ದಳ ವಾದಿಸಿದರೆ, ಕೇಳಿದ 85 ಪ್ರಶ್ನೆಗಳಿಗೂ ಅವರು ಉತ್ತರಿಸಿದ್ದಾರೆ, ಪೊಲೀಸರು ಬಯಸಿದಂತೆಯೇ ಉತ್ತರ ಕೊಡಬೇಕೆಂದಿಲ್ಲ ಎಂಬ ನಿಲುವು ತಳೆದ ಹೈಕೋರ್ಟ್ ಜೂನ್ 18ರಂದು ಜಾಮೀನು ನೀಡಿತು. ಅದನ್ನು ಪ್ರಶ್ನಿಸಿ ಹೋದ ತನಿಖಾ ದಳಕ್ಕೆ ಸುಪ್ರೀಂ ಕೋರ್ಟಿನಲ್ಲೂ ಯಶಸ್ಸು ಸಿಗಲಿಲ್ಲ.

ಎರಡನೆಯ ಬಗೆಯ ಅರ್ಜಿಗೆ ಬೇಕಾದ ಬಲವಾದ ಆಧಾರ ಒದಗಿಸುವುದು ಹಳ್ಳಿಗಳಲ್ಲಿ ಇನ್ನೂ ಕಷ್ಟ. 1993ರ ಮಾರ್ಚ್‌ನಲ್ಲಿ ಮೂವರು ದಲಿತರ ಕೊಲೆ ನಡೆದ ನಂಜನಗೂಡು ತಾಲ್ಲೂಕಿನ ಬದನವಾಳಿನಂಥ ಊರಿನಲ್ಲಿ ಆರೋಪಿಯೂ ಸಾಕ್ಷಿಯೂ ಒಂದೇ ಬಸ್ಸಿಗೆ ಕಾಯಬೇಕಾಗುತ್ತದೆ. ಬೆದರಿಕೆ ಬಂದರೂ ಅದು ಊರ ಹಿರಿಯರ ಮೂಲಕ ರಾಜಿಯ ಮಾತಾಗಿ ಅಥವಾ ಕೂಲಿಗೆ ಕರೆಯದಿರುವ ರೂಪದಲ್ಲಿ ಬರಬಹುದು. ಅಂಥದ್ದು ಕಾಗದಕ್ಕೆ ಇಳಿಯುವುದು ಅಪರೂಪ. ಆದರೆ ನ್ಯಾಯಾಧೀಶರು ನೋಡುವುದು ಕಾಗದವನ್ನೇ, ಅಂದರೆ ಠಾಣೆಗೆ ಕೊಟ್ಟ ಹೊಸ ದೂರು, ಸಾಕ್ಷಿಯ ಪ್ರಮಾಣಪತ್ರ, ತನಿಖಾಧಿಕಾರಿಯ ವರದಿ.

ಜಾತಿ ದೌರ್ಜನ್ಯದ ಪ್ರಕರಣಗಳ ದಾರಿ ಬೇರೆ. 1989ರ ದೌರ್ಜನ್ಯ ತಡೆ ಕಾಯ್ದೆಯ 18ನೇ ಕಲಂ ನಿರೀಕ್ಷಣಾ ಜಾಮೀನನ್ನೇ ನಿಷೇಧಿಸುತ್ತದೆ. ಮೇಲ್ನೋಟಕ್ಕೆ ಅಪರಾಧವೇ ಕಾಣದಿದ್ದರೆ ಮಾತ್ರ ಈ ನಿಷೇಧ ಅನ್ವಯಿಸದೆಂದು ಸುಪ್ರೀಂ ಕೋರ್ಟ್ 2020ರಲ್ಲಿ ತೀರ್ಪಿತ್ತಿದೆ. ಆದ್ದರಿಂದ ಇಲ್ಲಿ ಆರೋಪಿಯ ನಂತರದ ನಡತೆಗೆ ಕಾಯದೆ, ಆದೇಶವನ್ನೇ ಪ್ರಶ್ನಿಸಬಹುದು. ವಿಶೇಷ ನ್ಯಾಯಾಲಯದ ಜಾಮೀನು ಆದೇಶದ ವಿರುದ್ಧ 14ಎ ಕಲಂ ಅಡಿ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಲು ಅವಕಾಶವಿದೆ. ಜಾಮೀನಿನ ವಿಚಾರಣೆಗೆ ಮುನ್ನ ಸಂತ್ರಸ್ತರಿಗೆ ನೋಟಿಸ್ ನೀಡಿ ಅವರ ಮಾತನ್ನೂ ಕೇಳಬೇಕೆಂದು 15ಎ ಹೇಳುತ್ತದೆ; ಇದು ಕಡ್ಡಾಯವೆಂದು ಸಾರಿದ ಸುಪ್ರೀಂ ಕೋರ್ಟ್, ನೋಟಿಸ್ ನೀಡದೆ ಕೊಟ್ಟಿದ್ದ ಜಾಮೀನನ್ನು 2021ರ ಹರಿರಾಮ್ ಭಾಂಭಿ ಪ್ರಕರಣದಲ್ಲಿ ರದ್ದುಗೊಳಿಸಿತು.